ಬ್ರಿಗಿಟೆ ಮೀರಾ: 63ಕ್ಕೆ ಸಿಕ್ಕ ಮುಖ್ಯ ಪಾತ್ರ

ಬ್ರಿಗಿಟೆ ಮೀರಾ ಅವರಿಗೆ ದೊಡ್ಡ ಹೆಸರು ತಂದ ಮುಖ್ಯ ಪಾತ್ರ ಸಿಕ್ಕಾಗ ಅವರ ವಯಸ್ಸು 63. ಅದು 1973ರ ಸೆಪ್ಟೆಂಬರ್, ಊರು ಮ್ಯೂನಿಕ್. ನಿರ್ದೇಶಕ ರೈನರ್ ವರ್ನರ್ ಫಾಸ್‌ಬಿಂಡರ್‌ಗೆ ಆಗ 28. ಕಡಿಮೆ ದುಡ್ಡಿನಲ್ಲಿ, ಎರಡು ವಾರದಷ್ಟು ಸಮಯದಲ್ಲಿ ಚಿತ್ರೀಕರಣ ಮುಗಿದೇಹೋಯಿತು. 'ಆಂಗ್ಸ್ಟ್ ಎಸ್ಸೆನ್ ಜೇಲೆ ಔಫ್' ಅಂತ ಆ ಸಿನಿಮಾದ ಹೆಸರು. ಭಯ ಆತ್ಮವನ್ನೇ ತಿಂದುಹಾಕುತ್ತದೆ ಅಂತ ಅರ್ಥ. ಮುಂದಿನ ವರ್ಷ ಕಾನ್ ಚಿತ್ರೋತ್ಸವದಲ್ಲಿ ವಿಮರ್ಶಕರ ಒಕ್ಕೂಟದ ಪ್ರಶಸ್ತಿ ಬಂತು. ಜರ್ಮನ್ ಸಿನಿಮಾ ಬಗ್ಗೆ ಮಾತು ಶುರುವಾದರೆ ಇವತ್ತಿಗೂ ಇದರ ಹೆಸರು ಬರದೇ ಇರುವುದಿಲ್ಲ.

ಆದರೆ ಮಾತು ಯಾವಾಗಲೂ ಫಾಸ್‌ಬಿಂಡರ್ ಸುತ್ತಲೇ ತಿರುಗುತ್ತದೆ. ಮೀರಾ ವಿಷಯ ಬಂದರೆ "ಫಾಸ್‌ಬಿಂಡರ್ ಕಂಡುಹಿಡಿದ ನಟಿ" ಅಂತ ಒಂದು ಸಾಲು, ಅಷ್ಟೇ. ಈ ಸಾಲು ಓದಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಅಷ್ಟು ಹೊತ್ತಿಗೆ ಆಕೆ 40 ವರ್ಷಕ್ಕೂ ಜಾಸ್ತಿ ರಂಗದ ಮೇಲೆ ದುಡಿದಿದ್ದರು. ಹಾಡಿದ್ದರು, ಕುಣಿದಿದ್ದರು, ಜನರನ್ನು ನಗಿಸಿದ್ದರು, ಸಿನಿಮಾಗಳಲ್ಲಿ ಬಾಗಿಲು ತೆರೆಯುವ, ಕಾಫಿ ತಂದಿಡುವ, ಎರಡು ಮಾತಾಡಿ ಹೊರಟುಹೋಗುವ ಹೆಂಗಸಾಗಿದ್ದರು. ಕಣ್ಣೆದುರೇ ಇದ್ದವರನ್ನು ಕಂಡುಹಿಡಿಯುವುದು ಅಂದರೇನು? ಆ ಸಿನಿಮಾದ ಎಮ್ಮಿ ಅನ್ನೋ ಪಾತ್ರ ನಿಂತಿರುವುದೇ ಆ 40 ವರ್ಷದ ಸೈಡ್ ರೋಲ್‌ಗಳ ಮೇಲೆ ಅಂತ ನನಗೆ ಗಟ್ಟಿಯಾಗಿ ಅನ್ನಿಸುತ್ತದೆ. ಬದುಕಿಡೀ ನಾಯಕಿಯಾಗಿದ್ದ ಯಾರ ಕೈಲೂ ಅದನ್ನು ಹಾಗೆ ಮಾಡಲು ಆಗುತ್ತಿರಲಿಲ್ಲ.

ಮೀರಾ ಅಂದಕೂಡಲೇ ನಮ್ಮ ಕಡೆಯ ಹೆಸರು ಅನ್ನಿಸಬಹುದು. ಅದು ಅವರ ತಂದೆಯ ಕಡೆಯಿಂದ ಬಂದದ್ದು. ತಂದೆ ಸೀಗ್‌ಫ್ರೀಡ್ ಮೀರಾ, ರಷ್ಯಾ ಮೂಲದ ಯಹೂದಿ, ಪಿಯಾನೊ ವಾದಕ. ಮಗಳು ಹುಟ್ಟಿದ್ದು 1910ರ ಏಪ್ರಿಲ್ 20ರಂದು, ಹ್ಯಾಂಬರ್ಗ್‌ನಲ್ಲಿ. ಬೆಳೆದದ್ದು ಡ್ಯುಸೆಲ್‌ಡಾರ್ಫ್‌ನಲ್ಲಿ. ಸಂಗೀತ ಕಲಿತರು, ನೃತ್ಯ ಕಲಿತರು, ಇಪ್ಪತ್ತರ ಆಸುಪಾಸಿನಲ್ಲೇ ಒಪೆರಾ, ಒಪೆರೆಟ್ಟಾ ಅಂದರೆ ಹಾಡೇ ಮುಖ್ಯವಾದ ನಾಟಕಗಳ ರಂಗಕ್ಕೆ ಬಂದರು. ಅಲ್ಲಿ ಅವರು ಸೂಬ್ರೆಟ್.

ಈ ಸೂಬ್ರೆಟ್ ಬಗ್ಗೆ ಸ್ವಲ್ಪ ಹೇಳಬೇಕು. ಜರ್ಮನ್ ರಂಗಭೂಮಿಯಲ್ಲಿ ಆಗ ಒಬ್ಬೊಬ್ಬ ನಟನಿಗೂ ಒಂದೊಂದು ಖಾನೆ. ಕಂಪನಿ ನಿಮ್ಮನ್ನು ಕೆಲಸಕ್ಕೆ ತೆಗೆದುಕೊಳ್ಳುವಾಗಲೇ ಯಾವ ಖಾನೆಗೆ ಅಂತ ಗೊತ್ತುಮಾಡಿರುತ್ತದೆ. ಒಬ್ಬಳು ಯುವ ನಾಯಕಿ, ಒಬ್ಬಳು ಮುಗ್ಧೆ, ಒಬ್ಬಳು ಸೂಬ್ರೆಟ್. ಸೂಬ್ರೆಟ್ ಅಂದರೆ ನಾಯಕಿಯ ಚುರುಕು ಬಾಯಿಯ ಕೆಲಸದವಳು ಅಥವಾ ಗೆಳತಿ. ತೆಳು ದನಿ, ಪಟಪಟ ಮಾತು, ಒಂದು ಕುಣಿತ, ಒಂದು ಹಾಡು. ಪ್ರೇಕ್ಷಕರು ಅವಳನ್ನು ನೋಡಿ ಖುಷಿಪಡುತ್ತಾರೆ. ಆದರೆ ಕಥೆ ಅವಳದಲ್ಲ. ವಯಸ್ಸಾದ ಮೇಲೆ ಅವಳನ್ನು ಇನ್ನೊಂದು ಖಾನೆಗೆ ದಾಟಿಸುತ್ತಾರೆ. ಅದರ ಹೆಸರೇ 'ತಮಾಷೆ ಮುದುಕಿ'. ಅಂದರೆ ಇಪ್ಪತ್ತನೇ ವಯಸ್ಸಿನಲ್ಲಿ ಸೂಬ್ರೆಟ್ ಆಗಿ ಸೇರಿದ ಹುಡುಗಿಗೆ ತನ್ನ ಅರವತ್ತನೇ ವಯಸ್ಸು ಹೇಗಿರುತ್ತದೆ ಅಂತ ಅವತ್ತೇ ಗೊತ್ತಿರುತ್ತಿತ್ತು. ಎತ್ತರ ಕಮ್ಮಿ, ಮುಖ ದುಂಡಗೆ, ಕಣ್ಣಲ್ಲಿ ತುಂಟತನ. ಮೀರಾ ಆ ಖಾನೆಗೆ ಹೇಳಿ ಮಾಡಿಸಿದ ಹಾಗಿದ್ದರು.

1933ರಲ್ಲಿ ಹಿಟ್ಲರ್ ಬಂದ. ಆಮೇಲೆ ರಂಗದ ಮೇಲೆ ನಿಲ್ಲಬೇಕಾದರೆ ಸರಕಾರದ ಸಂಸ್ಕೃತಿ ಮಂಡಳಿಯ ಸದಸ್ಯತ್ವ ಬೇಕಿತ್ತು, ಅದಕ್ಕೆ ಹಿರಿಯರ ರಕ್ತದ ಲೆಕ್ಕ ಕೊಡಬೇಕಿತ್ತು. ಆ ಕಾನೂನಿನ ಕಣ್ಣಲ್ಲಿ ಮೀರಾ 'ಅರ್ಧ ಯಹೂದಿ'. ಅವರು ಅದನ್ನು ಮುಚ್ಚಿಟ್ಟರು. ಮುಚ್ಚಿಟ್ಟುಕೊಂಡೇ ಊರೂರು ತಿರುಗಿ ಕೆಲಸ ಮಾಡಿದರು, ಬರ್ಲಿನ್‌ಗೆ ಬಂದು ಕ್ಯಾಬರೆಗೆ ಸೇರಿದರು. ನಮ್ಮಲ್ಲಿ ಕ್ಯಾಬರೆ ಅಂದರೆ ಬೇರೇನೋ ನೆನಪಾಗುತ್ತದೆ. ಅಲ್ಲಿ ಅದು ಹಾಡು, ಹರಟೆ, ಅಣಕ ಎಲ್ಲ ಬೆರೆತ ಚಿಕ್ಕ ರಂಗದ ಪ್ರದರ್ಶನ.

1943ರಲ್ಲಿ ಒಂದು ವಿಚಿತ್ರ ನಡೆಯಿತು. ಸರಕಾರದ ಪ್ರಚಾರಕ್ಕಾಗಿ 'ಲೀಸೆ ಮತ್ತು ಮೀಸೆ' ಅಂತ ಪುಟ್ಟ ಪುಟ್ಟ ಚಿತ್ರಗಳನ್ನು ಮಾಡಿದರು. ಥಿಯೇಟರ್‌ಗಳಲ್ಲಿ ವಾರ್ತಾಚಿತ್ರದ ಜೊತೆ ತೋರಿಸುವುದಕ್ಕೆ. ಲೀಸೆ ಒಳ್ಳೆಯ ಜರ್ಮನ್ ಹೆಂಗಸು, ಹೇಳಿದ ಹಾಗೆ ಕೇಳುವವಳು. ಮೀಸೆ ಕೆಟ್ಟವಳು. ಗೊಣಗುತ್ತಾಳೆ, ಶತ್ರುದೇಶದ ರೇಡಿಯೊ ಕೇಳುತ್ತಾಳೆ, ಯುದ್ಧಕಾಲದ ಒಂದು ನಿಯಮವನ್ನೂ ಪಾಲಿಸುವುದಿಲ್ಲ. ಮೀಸೆಯ ಪಾತ್ರ ಮಾಡಿದ್ದು ಬ್ರಿಗಿಟೆ ಮೀರಾ. ಜನ ನೋಡಿ ಇಷ್ಟಪಟ್ಟದ್ದು ಯಾರನ್ನು? ಮೀಸೆಯನ್ನೇ! ಅವಳ ಬಾಯಿಗೆ, ಅವಳ ಉಡಾಫೆಗೆ ಜನ ಮನಸೋತರು. ಪ್ರಚಾರ ತಿರುಗಿಬಿತ್ತು, ಸರಣಿ ನಿಂತುಹೋಯಿತು.

ಸುಮ್ನೆ ಒಂದು ಕ್ಷಣ ಇದನ್ನು ಯೋಚಿಸಿ ನೋಡಿ. ತಂದೆ ಯಹೂದಿ ಅನ್ನೋದನ್ನು ಅಡಗಿಸಿಟ್ಟ ಹೆಂಗಸೊಬ್ಬಳು ನಾಜಿಗಳ ಪ್ರಚಾರಚಿತ್ರದಲ್ಲಿ 'ಕೆಟ್ಟ ಜರ್ಮನ್' ಆಗಿ ನಟಿಸುತ್ತಿದ್ದಾಳೆ. ಕ್ಯಾಮೆರಾ ಮುಂದೆ ಒಂದು ವೇಷ, ಕ್ಯಾಮೆರಾ ಹಿಂದೆ ಇನ್ನೊಂದು. ಹಿಂದಿನದರಲ್ಲಿ ಒಂದು ಮಾತು ತಪ್ಪಿದರೂ ಕೆಲಸ ಹೋಗುತ್ತಿತ್ತು, ಆಮೇಲೆ ಏನೇನು ಹೋಗುತ್ತಿತ್ತೋ. ಇದು ರಾಜಿ ಅಂತ ಯಾರಾದರೂ ಹೇಳಿದರೆ ನಾನು ಅಲ್ಲ ಅನ್ನುವುದಿಲ್ಲ. ಅವರು ಆ ಯಂತ್ರದೊಳಗೆ ಕೆಲಸ ಮಾಡಿದ್ದು ನಿಜ. ಆದರೆ ಆ ಯಂತ್ರ ಅವರನ್ನೇ ಅರೆಯಬಹುದಿತ್ತು ಅನ್ನೋದೂ ಅಷ್ಟೇ ನಿಜ, ಮತ್ತು ಎರಡನ್ನೂ ಒಟ್ಟಿಗೇ ಇಟ್ಟುಕೊಂಡು ನೋಡದಿದ್ದರೆ ಮುಂದೆ ಅವರು ಮಾಡಿದ ಪಾತ್ರಗಳು ಪೂರ್ತಿ ಅರ್ಥವಾಗುವುದಿಲ್ಲ.

ಯುದ್ಧ ಮುಗಿಯಿತು. ಬರ್ಲಿನ್ ಪುಡಿಪುಡಿಯಾಗಿತ್ತು. ಮೊದಮೊದಲು ಬಂದ ಸಿನಿಮಾಗಳು ಆ ಅವಶೇಷಗಳ ನಡುವೆಯೇ ತೆಗೆದವು, ಅಪರಾಧದ ಬಗ್ಗೆ, ಕೊಲೆಗಾರರು ನಮ್ಮ ನಡುವೆಯೇ ಇದ್ದಾರೆ ಅನ್ನೋದರ ಬಗ್ಗೆ ಮಾತಾಡಿದವು. ಜನಕ್ಕೆ ಅದು ಬೇಗ ಸಾಕಾಯಿತು. 50ರ ದಶಕ ಬರುವಷ್ಟರಲ್ಲಿ ಪಶ್ಚಿಮ ಜರ್ಮನಿಯ ತೆರೆ ತುಂಬ ಹಸಿರು ಬೆಟ್ಟ, ಹಳ್ಳಿಯ ಪ್ರೇಮ, ಹಾಡು, ಅರಮನೆ, ತಮಾಷೆ. 1956ರಲ್ಲಿ ಅಲ್ಲಿ 80 ಕೋಟಿಗೂ ಜಾಸ್ತಿ ಟಿಕೆಟ್ ಮಾರಾಟವಾದವು. ಅಷ್ಟೊಂದು ಸಿನಿಮಾ ಮಾಡಬೇಕಾದರೆ ಅಷ್ಟೊಂದು ಪಕ್ಕದ್ಮನೆ ಹೆಂಗಸರು ಬೇಕು, ಅಡುಗೆಯವರು ಬೇಕು, ಬಾಡಿಗೆಮನೆ ಒಡತಿಯರು ಬೇಕು, ಬಾಯಿಬಡುಕಿ ಅತ್ತೆಯರು ಬೇಕು. ಮೀರಾ ಅವರಂಥವರಿಗೆ ಕೆಲಸಕ್ಕೆ ಬರ ಇರಲಿಲ್ಲ. ರಂಗ, ರೇಡಿಯೊ, ಸಿನಿಮಾ, ಆಮೇಲೆ ಟಿವಿ. ಅವರು ಎಲ್ಲೂ ನಿಲ್ಲದೆ ಓಡಾಡಿಕೊಂಡು ದುಡಿದರು.

ಪೋಷಕ ನಟಿಯ ಕೆಲಸ ಹೊರಗಿನಿಂದ ಕಾಣುವಷ್ಟು ಸುಲಭ ಅಲ್ಲ. ನಾಯಕಿಗೆ ಮೂರು ದೃಶ್ಯ ಹಾಳಾದರೂ ನಾಲ್ಕನೆಯದರಲ್ಲಿ ಸರಿಮಾಡಿಕೊಳ್ಳುವ ಅವಕಾಶ ಇರುತ್ತದೆ. ಪೋಷಕ ನಟಿಗೆ ಇರುವುದು 40 ಸೆಕೆಂಡು. ಅಷ್ಟರಲ್ಲಿ ಬಾಗಿಲಲ್ಲಿ ಕಾಣಿಸಿಕೊಂಡು, ತಾನು ಯಾರು, ಎಂಥವಳು, ಏನು ಬೇಕಾಗಿ ಬಂದಿದ್ದಾಳೆ ಅನ್ನೋದನ್ನೆಲ್ಲ ತೋರಿಸಿ, ನಾಯಕಿಯ ಬೆಳಕಿಗೆ ಅಡ್ಡ ಬರದ ಹಾಗೆ ಹೊರಟುಹೋಗಬೇಕು. ಎಲ್ಲಿ ನಿಂತರೆ ಕಾಣುತ್ತೇನೆ, ಎಲ್ಲಿ ನಿಂತರೆ ಕಾಣುವುದಿಲ್ಲ ಅನ್ನೋ ಲೆಕ್ಕ ಮೈಯಲ್ಲೇ ಕೂತುಬಿಡುತ್ತದೆ. ಯಾರೂ ನೋಡದ ಹೆಂಗಸು ಕೋಣೆಯಲ್ಲಿ ಹೇಗೆ ಇರುತ್ತಾಳೆ ಅನ್ನೋದು ಇವರಿಗೆ ಗೊತ್ತಿರುವಷ್ಟು ಇನ್ಯಾರಿಗೆ ಗೊತ್ತಿರುತ್ತದೆ?

60ರ ದಶಕದಲ್ಲಿ ಟಿವಿ ಮನೆಮನೆಗೂ ಬಂತು, ಥಿಯೇಟರ್‌ಗಳು ಖಾಲಿಯಾದವು. 1962ರ ಫೆಬ್ರವರಿಯಲ್ಲಿ ಓಬರ್‌ಹೌಸನ್ ಕಿರುಚಿತ್ರೋತ್ಸವದಲ್ಲಿ 26 ಯುವಕರು ಒಂದು ಪ್ರಣಾಳಿಕೆ ಹೊರಡಿಸಿದರು. ಹಳೆಯ ಸಿನಿಮಾ ಸತ್ತಿದೆ, ನಾವು ಹೊಸದನ್ನು ನಂಬುತ್ತೇವೆ ಅಂತ. ಅವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಆ ಹಳೆಯ ಸಿನಿಮಾ ಯುದ್ಧದ ಬಗ್ಗೆ ಬಾಯಿಮುಚ್ಚಿಕೊಂಡು ಬೆಟ್ಟಗುಡ್ಡ ತೋರಿಸುತ್ತಿತ್ತು. ಅದನ್ನು ಯಾರಾದರೂ ತಡೆಯಲೇಬೇಕಿತ್ತು. ಆದರೆ ಅದರಲ್ಲಿ ಸಣ್ಣಪುಟ್ಟ ಪಾತ್ರ ಮಾಡಿ ಹೊಟ್ಟೆ ಹೊರೆಯುತ್ತಿದ್ದವರ ಗತಿ? ಅವರೂ 'ಹಳೆಯ ಸಿನಿಮಾ' ಆಗಿಬಿಟ್ಟರು. ಹೊಸಬರಿಗೆ ಹೊಸ ಮುಖಗಳೇ ಬೇಕಿತ್ತು.

ಇಲ್ಲೇ ಫಾಸ್‌ಬಿಂಡರ್ ಬೇರೆಯಾಗಿ ನಿಲ್ಲುವುದು. ಯುದ್ಧ ಮುಗಿದ ಮೂರೇ ವಾರಕ್ಕೆ ಹುಟ್ಟಿದ ಈ ಹುಡುಗನಿಗೆ ಅಪ್ಪಂದಿರ ಕಾಲದ ಬಗ್ಗೆ ಎಲ್ಲರಿಗಿಂತ ಜಾಸ್ತಿ ಸಿಟ್ಟಿತ್ತು. ಆದರೆ ಆ ಕಾಲದ ನಟರ ಮೇಲೆ ಪ್ರೀತಿಯೂ ಇತ್ತು. 50ರ ದಶಕದಲ್ಲಿ ಆಸ್ಟ್ರಿಯಾದ ಮಹಾರಾಣಿಯ ಕಥೆಯ 'ಸೀಸಿ' ಚಿತ್ರಗಳಲ್ಲಿ ಚಕ್ರವರ್ತಿಯಾಗಿ ಎಲ್ಲರ ಮನಗೆದ್ದ ಕಾರ್ಲ್‌ಹೈನ್ಸ್ ಬ್ಯೋಮ್ ಅವರನ್ನು ಕರೆತಂದು ಕ್ರೂರ ಗಂಡನ ಪಾತ್ರ ಕೊಟ್ಟ. ಮೈಮಾಟಕ್ಕಷ್ಟೇ ಬಳಕೆಯಾಗಿದ್ದ ಬಾರ್ಬರಾ ವಾಲೆಂಟಿನ್‌ಗೆ ನಟಿಸುವ ಅವಕಾಶ ಕೊಟ್ಟ. ಸಿನಿಮಾ ಸತ್ತಿರಬಹುದು, ಅದರ ಮುಖಗಳು ಸತ್ತಿಲ್ಲ ಅನ್ನೋದು ಅವನಿಗೆ ಗೊತ್ತಿತ್ತು. ಮೀರಾ ಆಗ ಬೋಖುಮ್ ಊರಿನಲ್ಲಿ ರಂಗ ನಿರ್ದೇಶಕ ಪೀಟರ್ ಜಾಡೆಕ್ ಅವರ ನಾಟಕದಲ್ಲಿ ಕೆಲಸ ಮಾಡುತ್ತಿದ್ದರು. 1973ರಲ್ಲಿ ಫಾಸ್‌ಬಿಂಡರ್ ನಿರ್ಮಿಸಿ ಉಲ್ಲಿ ಲೊಮ್ಮೆಲ್ ನಿರ್ದೇಶಿಸಿದ ಒಂದು ಸಿನಿಮಾದಲ್ಲಿ ಸಣ್ಣ ಪಾತ್ರ ಸಿಕ್ಕಿತು. ಅದೇ ವರ್ಷ ಎಮ್ಮಿ.

ಎಮ್ಮಿ ಕುರೊವ್‌ಸ್ಕಿ ವಿಧವೆ. ಆಫೀಸು, ಮೆಟ್ಟಿಲು ಗುಡಿಸಿ ಒರೆಸುವ ಕೆಲಸ. ಮೂರು ಮಕ್ಕಳು, ಮೂವರೂ ಬೇರೆ ಇದ್ದಾರೆ. ಒಂದು ಸಂಜೆ ಮಳೆ ಅಂತ ಒಂದು ಬಾರ್‌ಗೆ ನುಗ್ಗುತ್ತಾಳೆ. ಅದು ಅರಬ್ ಕಾರ್ಮಿಕರು ಸೇರುವ ಜಾಗ. ದಿನವೂ ಆ ದಾರಿಯಲ್ಲಿ ಹೋಗುವಾಗ ಒಳಗಿನ ಹಾಡು ಅವಳ ಕಿವಿಗೆ ಬೀಳುತ್ತಿತ್ತು. ಬಾಗಿಲ ಹತ್ತಿರದ ಮೇಜಿಗೆ ಕೂತು ಒಂದು ಕೋಲಾ ಕೇಳುತ್ತಾಳೆ. ಎಲ್ಲರೂ ಅವಳನ್ನೇ ನೋಡುತ್ತಾರೆ. ಯಾರೋ ತಮಾಷೆಗೆ, ಹೋಗಿ ಆ ಮುದುಕಿ ಜೊತೆ ಕುಣಿ ಅಂತ ಮೊರೊಕ್ಕೊದ ಅಲಿಯನ್ನು ಎಬ್ಬಿಸುತ್ತಾರೆ. ಅವನು ಬಂದು ಕರೆಯುತ್ತಾನೆ. ಅವಳು ಏಳುತ್ತಾಳೆ.

ಆ ಏಳುವ ರೀತಿ ನೋಡಬೇಕು. ಬೇರೆ ನಟಿಯಾಗಿದ್ದರೆ ಅಲ್ಲೇ ಕಣ್ಣು ತುಂಬಿಕೊಂಡು ಪ್ರೇಕ್ಷಕರ ಕರುಳು ಕಿತ್ತುಬಿಡುತ್ತಿದ್ದಳು. ಮೀರಾ ಹಾಗೆ ಮಾಡುವುದಿಲ್ಲ. ನೆಂಟರ ಮನೆಗೆ ಹೋದಾಗ ಇನ್ನೊಂದು ಲೋಟ ಕಾಫಿ ಬೇಕಾ ಅಂತ ಕೇಳಿದರೆ ನಾವು ಬೇಡ ಬೇಡ ಅನ್ನುತ್ತಲೇ ಕೈ ಚಾಚುತ್ತೇವಲ್ಲ, ಅಂಥ ಸಂಕೋಚ. ಖುಷಿಯಾಗಿದೆ, ಆದರೆ ಖುಷಿ ತೋರಿಸುವುದಕ್ಕೆ ತನಗೆ ಹಕ್ಕಿದೆಯಾ ಅಂತ ಗೊತ್ತಿಲ್ಲ. ಕುಣಿಯುತ್ತಾರೆ. ಅವನು ಮನೆ ತನಕ ಬಿಡಲು ಬರುತ್ತಾನೆ, ಆ ರಾತ್ರಿ ಅಲ್ಲೇ ಉಳಿಯುತ್ತಾನೆ. ಮರುದಿನ ಅವಳು ಕನ್ನಡಿಯಲ್ಲಿ ಮುಖ ನೋಡಿಕೊಳ್ಳುವ ಒಂದು ಕ್ಷಣ ಇದೆ. ಸುಕ್ಕುಗಳನ್ನು ಮುಚ್ಚುವ ಮೇಕಪ್ ಇಲ್ಲ, ಹಿನ್ನೆಲೆಯಲ್ಲಿ ಪಿಟೀಲು ಇಲ್ಲ. ಅವಳ ಮುಖ, ಅವಳು.

ಅವರಿಬ್ಬರೂ ಮದುವೆಯಾಗುತ್ತಾರೆ. ಮದುವೆ ಊಟಕ್ಕೆ ಎಮ್ಮಿ ಒಂದು ಇಟಾಲಿಯನ್ ಹೋಟೆಲಿಗೆ ಕರೆದುಕೊಂಡು ಹೋಗುತ್ತಾಳೆ. ಹಿಟ್ಲರ್ ಊಟ ಮಾಡುತ್ತಿದ್ದ ಹೋಟೆಲು ಅದು. ಮ್ಯೂನಿಕ್‌ನ ಷೆಲ್ಲಿಂಗ್ ರಸ್ತೆಯಲ್ಲಿ ಅಂಥ ಹೋಟೆಲು ನಿಜವಾಗಿಯೂ ಇದೆ. ಒಂದು ಸಲ ಇಲ್ಲಿಗೆ ಬರಬೇಕು ಅಂತ ಬಹಳ ದಿನದಿಂದ ಆಸೆಯಿತ್ತು ಅನ್ನುತ್ತಾಳೆ ಎಮ್ಮಿ. ಅದರ ಹಿಂದೆ ಒಂದು ಚೂರೂ ಕೇಡಿಲ್ಲ. ದೊಡ್ಡ ಮನುಷ್ಯರು ಬರುತ್ತಿದ್ದ ಜಾಗ ಅನ್ನೋ ಥರ. ಇದಕ್ಕೂ ಮೊದಲು, ಇನ್ನೊಂದು ದೃಶ್ಯದಲ್ಲಿ, ತಾನೂ ಹಿಟ್ಲರನ ಪಕ್ಷದಲ್ಲಿದ್ದೆ, ಆಗ ಹೆಚ್ಚುಕಮ್ಮಿ ಎಲ್ಲರೂ ಇದ್ದರು ಅಂತ ಅಷ್ಟೇ ಸಹಜವಾಗಿ ಹೇಳಿರುತ್ತಾಳೆ. ವೇಟರ್ ಬಂದು ಮಾಂಸ ಹೇಗೆ ಬೇಯಿಸಲಿ ಅಂತ ಕೇಳುತ್ತಾನೆ, ಆ ಪ್ರಶ್ನೆಯೇ ಅವಳಿಗೆ ಅರ್ಥವಾಗುವುದಿಲ್ಲ.

ಈ ಮಾತುಗಳನ್ನು ಆಡುತ್ತಿರುವುದು ಯಾರು? ಹನ್ನೆರಡು ವರ್ಷ ತಂದೆಯ ಗುರುತನ್ನು ಅಡಗಿಸಿಟ್ಟುಕೊಂಡು ಬದುಕಿದ ಹೆಂಗಸು. ಆ ಎಮ್ಮಿಯಂಥವರ ನಡುವೆಯೇ ಓಡಾಡಿ, ಅವರನ್ನು ನಗಿಸಿ, ಅವರ ಕಣ್ಣು ತಪ್ಪಿಸಿಕೊಂಡವಳು. ಅವರು ಕೆಟ್ಟವರ ಹಾಗೆ ಮಾತಾಡುವುದಿಲ್ಲ ಅನ್ನೋದು ಅವಳಿಗೆ ಚೆನ್ನಾಗಿ ಗೊತ್ತು. ಅದಕ್ಕೇ ಆ ಸಾಲುಗಳನ್ನು ಒತ್ತಿ ಹೇಳುವುದಿಲ್ಲ, ಹವಾಮಾನದ ಬಗ್ಗೆ ಮಾತಾಡಿದ ಹಾಗೆ ಹೇಳಿಬಿಡುತ್ತಾಳೆ. ನನ್ನ ಮಟ್ಟಿಗೆ ಯುದ್ಧಾನಂತರದ ಇಡೀ ಜರ್ಮನ್ ಸಿನಿಮಾದಲ್ಲಿ ಇದಕ್ಕಿಂತ ಮೈ ನಡುಗಿಸುವ ನಟನೆ ಇಲ್ಲ.

ಮದುವೆಯ ಸುದ್ದಿ ಹೇಳಿದಾಗ ಮಗ ಟಿವಿಯನ್ನು ಒದ್ದು ಒಡೆಯುತ್ತಾನೆ. ದಿನಸಿ ಅಂಗಡಿಯವನು ಅಲಿಯ ಭಾಷೆ ಅರ್ಥವಾಗಲಿಲ್ಲ ಅಂತ ನಟಿಸಿ ಸಾಮಾನು ಕೊಡುವುದಿಲ್ಲ. ಪಕ್ಕದ್ಮನೆಯವರು ಮೆಟ್ಟಿಲ ಹತ್ತಿರ ಗುಸುಗುಸು ಶುರುಮಾಡುತ್ತಾರೆ. ಆ ಪಕ್ಕದ್ಮನೆಯವರಲ್ಲಿ ಒಬ್ಬರು ಎಲ್ಮಾ ಕಾರ್ಲೊವಾ. 50ರ ದಶಕದಲ್ಲಿ ಜರ್ಮನ್ ಸಿನಿಮಾಗಳಲ್ಲಿ ಮಿಂಚಿದ್ದ ತಾರೆ. ಆಗ ನಾಯಕಿಯಾಗಿದ್ದವರು ಇಲ್ಲಿ ಚಾಡಿ ಹೇಳುವ ನೆರೆಯವಳು. ಆಗ ನೆರೆಯವಳಾಗಿದ್ದವರು ಇಲ್ಲಿ ನಾಯಕಿ. ಇದು ಫಾಸ್‌ಬಿಂಡರ್ ಬೇಕಂತಲೇ ಮಾಡಿದ್ದು ಅಂತ ನನ್ನ ಊಹೆ.

ಸಿನಿಮಾದ ಎರಡು ದೃಶ್ಯಗಳನ್ನು ಅಕ್ಕಪಕ್ಕ ಇಟ್ಟು ನೋಡಬೇಕು. ಮೊದಲನೆಯದರಲ್ಲಿ ಎಮ್ಮಿ ಮತ್ತು ಅವಳ ಜೊತೆ ಕೆಲಸ ಮಾಡುವ ಹೆಂಗಸರು ಬಿಡುವಿನ ಹೊತ್ತಲ್ಲಿ ಮೆಟ್ಟಿಲ ಮೇಲೆ ಕೂತು ಬುತ್ತಿ ತಿನ್ನುತ್ತಾರೆ. ಅಲಿಯ ವಿಷಯ ಗೊತ್ತಾದ ಮೇಲೆ ಉಳಿದವರು ಅವಳನ್ನು ಬಿಟ್ಟು ದೂರ ಸರಿಯುತ್ತಾರೆ. ಎಮ್ಮಿ ಒಬ್ಬಳೇ. ಮೆಟ್ಟಿಲ ಕಂಬಿಗಳ ಆಚೆಯಿಂದ ಕ್ಯಾಮೆರಾ ಅವಳನ್ನು ನೋಡುತ್ತದೆ, ಜೈಲಿನ ಸರಳುಗಳ ಹಿಂದೆ ಕೂತವಳ ಹಾಗೆ. ಆಮೇಲೆ ದಿನ ಕಳೆಯುತ್ತದೆ, ಜನ ಬದಲಾಗುತ್ತಾರೆ. ಮನಸ್ಸು ಬದಲಾಗಿ ಅಲ್ಲ. ಅಂಗಡಿಯವನಿಗೆ ಗಿರಾಕಿ ಬೇಕು, ಮಗನಿಗೆ ಮಗುವನ್ನು ನೋಡಿಕೊಳ್ಳುವವರು ಬೇಕು, ಅದಕ್ಕೆ. ಎಮ್ಮಿ ಮತ್ತೆ ಗುಂಪಿಗೆ ಸೇರುತ್ತಾಳೆ. ಆಗ ಅದೇ ಮೆಟ್ಟಿಲಿಗೆ ಯುಗೊಸ್ಲಾವಿಯಾದಿಂದ ಬಂದ ಹೊಸಬಳೊಬ್ಬಳು ಕೆಲಸಕ್ಕೆ ಸೇರಿಕೊಂಡಿದ್ದಾಳೆ. ಈಗ ಒಂಟಿಯಾಗಿ ಕೂರುವ ಸರದಿ ಅವಳದು. ಅದೇ ಕಂಬಿ, ಅದೇ ಕೋನ. ಎಮ್ಮಿ ಗುಂಪಿನ ಜೊತೆ ಕೂತು ಸಂಬಳದ ಮಾತಾಡುತ್ತಿದ್ದಾಳೆ.

ಇಲ್ಲಿ ಮೀರಾ ಅವರ ಮುಖ ಗಮನಿಸಿ. ಮೊದಲಿನ ಎಮ್ಮಿಯ ಮುಖವೇ ಅದು. ದಯೆ ಇದ್ದ ಮುಖ, ಈಗಲೂ ದಯೆ ಇರುವ ಮುಖ. ತಾನೊಂದು ಕ್ರೂರ ಕೆಲಸ ಮಾಡುತ್ತಿದ್ದೇನೆ ಅನ್ನೋದು ಅವಳಿಗೆ ಗೊತ್ತೇ ಇಲ್ಲ. ಮನೆಗೆ ಬಂದ ಗೆಳತಿಯರಿಗೆ ಅಲಿಯ ತೋಳು ಮುಟ್ಟಿ ನೋಡಿ ಅಂತ ತೋರಿಸುತ್ತಾಳೆ. ಅವನಿಗೆ ಬೇಕಾದ, ಅವನ ಊರಿನ ಅಡುಗೆ ಕುಸ್‌ಕುಸ್ ಮಾಡಿಕೊಡಲು ಒಲ್ಲೆ ಅನ್ನುತ್ತಾಳೆ, ಜರ್ಮನಿಯಲ್ಲಿ ಜರ್ಮನಿಯ ಊಟ ಅಭ್ಯಾಸ ಮಾಡಿಕೋ ಅನ್ನೋ ಧಾಟಿಯಲ್ಲಿ. ಪ್ರೇಕ್ಷಕರ ಪ್ರೀತಿ ಕಳೆದುಕೊಳ್ಳುವ ಭಯ ಇರುವ ತಾರೆ ಇಲ್ಲಿ ಸ್ವಲ್ಪವಾದರೂ ಹಿಂಜರಿಯುತ್ತಿದ್ದಳು, ಕಣ್ಣಂಚಲ್ಲಿ ಒಂದು ಪಶ್ಚಾತ್ತಾಪ ತೋರಿಸಿ ಜನರನ್ನು ತನ್ನ ಕಡೆ ಇಟ್ಟುಕೊಳ್ಳುತ್ತಿದ್ದಳು. ಮೀರಾ ಅವರಿಗೆ ಆ ಭಯ ಇಲ್ಲ. ನಲವತ್ತು ವರ್ಷ ಸುಂದರಿಯಾಗಿಯೂ ಒಳ್ಳೆಯವಳಾಗಿಯೂ ಕಾಣಬೇಕಾದ ಹೊರೆ ಅವರ ಮೇಲಿರಲಿಲ್ಲ.

ಅಲಿಯ ಪಾತ್ರ ಮಾಡಿದ ಎಲ್ ಹೆದಿ ಬೆನ್ ಸಾಲೆಂ ಬಗ್ಗೆಯೂ ಹೇಳಬೇಕು. ಆಗ ಫಾಸ್‌ಬಿಂಡರನ ಸಂಗಾತಿಯಾಗಿದ್ದವರು. ಅವರು 1977ರಲ್ಲಿ ಫ್ರಾನ್ಸಿನ ಜೈಲಿನಲ್ಲಿ ತೀರಿಕೊಂಡರು. ಸಿನಿಮಾದ ಕೊನೆಯಲ್ಲಿ ಅಲಿ ಹೊಟ್ಟೆಯ ಹುಣ್ಣು ಒಡೆದು ಕುಸಿದುಬೀಳುತ್ತಾನೆ. ವಲಸೆ ಕಾರ್ಮಿಕರಲ್ಲಿ ಇದು ಮಾಮೂಲು, ವಾಸಿಯಾಗುತ್ತದೆ, ಆರು ತಿಂಗಳಿಗೆ ಮತ್ತೆ ಬರುತ್ತದೆ ಅನ್ನುತ್ತಾನೆ ಡಾಕ್ಟರ್. ಚಿತ್ರೀಕರಣ ಮುಗಿದ ಎರಡೇ ತಿಂಗಳಿಗೆ, 1973ರ ನವೆಂಬರ್ 23ರಂದು, ಪಶ್ಚಿಮ ಜರ್ಮನಿ ಹೊರಗಿನಿಂದ ಕಾರ್ಮಿಕರನ್ನು ಕರೆಸಿಕೊಳ್ಳುವುದನ್ನೇ ನಿಲ್ಲಿಸಿತು. ಮನೆಗೆ ಕರೆದು ದುಡಿಸಿಕೊಂಡು, ಆಮೇಲೆ ಸಾಕು ಅಂದ ಹಾಗೆ.

1974ರಲ್ಲಿ ಮೀರಾ ಅವರಿಗೆ ಎಮ್ಮಿಯ ಪಾತ್ರಕ್ಕಾಗಿ ಜರ್ಮನ್ ಚಲನಚಿತ್ರ ಪ್ರಶಸ್ತಿ ಬಂತು, ಶ್ರೇಷ್ಠ ನಟಿ ಅಂತ. ಇಲ್ಲಿಂದ ಮುಂದೆ ಅವರು ನಾಯಕಿಯಾಗಿಯೇ ಮುಂದುವರಿದರು ಅಂತ ಬರೆಯಲು ಆಗಿದ್ದರೆ ಚೆನ್ನಾಗಿತ್ತು, ಅಲ್ವಾ? ಹಾಗಾಗಲಿಲ್ಲ. 1975ರಲ್ಲಿ ಫಾಸ್‌ಬಿಂಡರ್ ಇನ್ನೊಂದು ಮುಖ್ಯ ಪಾತ್ರ ಕೊಟ್ಟ, ಅದಕ್ಕೆ ಆಮೇಲೆ ಬರುತ್ತೇನೆ. ಉಳಿದದ್ದೆಲ್ಲ ಮತ್ತೆ ಬದಿಯ ಪಾತ್ರಗಳು. ವರ್ನರ್ ಹೆರ್ಜೋಗ್ ಅವರ ಕಾಸ್ಪರ್ ಹೌಸರ್ ಚಿತ್ರದಲ್ಲಿ ಮನೆಗೆಲಸದವಳು. ಫಾಸ್‌ಬಿಂಡರನ 'ಚೈನೀಸ್ ರೂಲೆಟ್'ನಲ್ಲಿ ಬಂಗಲೆ ನೋಡಿಕೊಳ್ಳುವ ಕಾಸ್ಟ್ ಅನ್ನೋ ಹೆಂಗಸು. 1980ರಲ್ಲಿ ಟಿವಿಗಾಗಿ ಮಾಡಿದ, 14 ಕಂತಿನ 'ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್'ನಲ್ಲಿ ಮನೆಯೊಡತಿ ಬಾಸ್ಟ್ ಅಮ್ಮ. ಆ ಸರಣಿಯಲ್ಲಿ ನಾಯಕ ಹಿಂದೆ ಮಾಡಿದ ಕೊಲೆ ಮತ್ತೆ ಮತ್ತೆ ಬರುತ್ತದೆ. ಪ್ರತಿ ಸಲವೂ ಬಾಗಿಲಲ್ಲಿ ಬಾಸ್ಟ್ ಅಮ್ಮ. ನೋಡುತ್ತಾರೆ, ಏನೂ ಮಾಡಲಾಗುವುದಿಲ್ಲ. ಬಾಗಿಲಲ್ಲಿ ನಿಲ್ಲುವ ಪಾತ್ರಗಳನ್ನೇ ಜೀವನವಿಡೀ ಮಾಡಿದವರು ಬಾಗಿಲಲ್ಲಿ ನಿಲ್ಲುವುದನ್ನು ಎಷ್ಟು ಭಾರವಾಗಿಸಬಹುದು ಅಂತ ನೋಡಬೇಕಾದರೆ ಇದನ್ನು ನೋಡಿ.

ಎಮ್ಮಿಯ ಮಗಳಾಗಿ ಮಾಡಿದ ಇರ್ಮ್ ಹೆರ್ಮನ್ ಕೂಡ ಇಂಥದ್ದೇ ಜಾತಿಯ ನಟಿ. ಆಕೆ ಮೊದಲು ಆಫೀಸಿನಲ್ಲಿ ಸೆಕ್ರೆಟರಿಯಾಗಿದ್ದವರು. ನಟನೆ ಕಲಿತಿರಲಿಲ್ಲ. ಫಾಸ್‌ಬಿಂಡರನ ಎಷ್ಟೋ ಚಿತ್ರಗಳಲ್ಲಿ ಬದಿಯಲ್ಲಿ ನಿಂತರು. 1972ರ ಒಂದು ಚಿತ್ರದಲ್ಲಿ ಮೊದಲಿನಿಂದ ಕೊನೆಯ ತನಕ ಒಂದೇ ಒಂದು ಮಾತಾಡದೆ, ಟೈಪ್ ಮಾಡುತ್ತ, ಬಡಿಸುತ್ತ, ಬರೀ ನೋಡುತ್ತ ಇಡೀ ಮನೆಯನ್ನು ತುಂಬಿಕೊಳ್ಳುತ್ತಾರೆ. ಅವರ ಬಗ್ಗೆ ಬೇರೆಯೇ ಬರೆಯಬೇಕು.

ಮೀರಾ ಅವರಿಗೆ ಮನೆಮಾತಿನ ಹೆಸರು ಬಂದದ್ದು ಮಾತ್ರ ಇದ್ಯಾವುದರಿಂದಲೂ ಅಲ್ಲ. ಟಿವಿಯಿಂದ. ಬರ್ಲಿನ್‌ನ ರಸ್ತೆಬದಿಯ ಸಾಸೇಜ್ ಅಂಗಡಿಯೊಂದನ್ನು ನಡೆಸುವ ಅಜ್ಜಿ, ಮಗಳು, ಮೊಮ್ಮಗಳ ಧಾರಾವಾಹಿ ಅದು. 70ರ ದಶಕದ ಕೊನೆಯಿಂದ 1991ರ ತನಕ ಬಂತು, 140 ಕಂತು. ಮೀರಾ ಅಜ್ಜಿ. ಸಂಜೆ ಹೊತ್ತು ಮನೆಮಂದಿಯೆಲ್ಲ ಕೂತು ನೋಡುವಂಥದ್ದು. ಕಲಾತ್ಮಕ ಸಿನಿಮಾದವರು ಇದನ್ನು ಇಳಿಜಾರು ಅಂತ ಭಾವಿಸಬಹುದು. ನನಗೆ ಹಾಗನ್ನಿಸುವುದಿಲ್ಲ. ದುಡಿಯುವ ನಟಿಗೆ ವರ್ಷಗಟ್ಟಲೆ ನಿಂತ ಸಂಬಳ ಸಣ್ಣ ವಿಷಯವಾ? ಫಾಸ್‌ಬಿಂಡರ್ 1982ರಲ್ಲಿ 37ನೇ ವಯಸ್ಸಿಗೇ ಹೋಗಿಬಿಟ್ಟ. ಅವನಿಗಿಂತ 35 ವರ್ಷ ದೊಡ್ಡವರಾದ ಮೀರಾ ಇನ್ನೂ ಕೆಲಸ ಮಾಡುತ್ತಲೇ ಇದ್ದರು. 90ರ ದಶಕದ ಕೊನೆಗೆ, ಸುಮಾರು 90ರ ವಯಸ್ಸಲ್ಲಿ, ಹಳೆಯ ಗಾಯಕಿಯರಾದ ಎವೆಲಿನ್ ಕ್ಯುನೆಕೆ ಮತ್ತು ಹೆಲೆನ್ ವೀಟಾ ಜೊತೆ ಸೇರಿ ಬರ್ಲಿನ್‌ನಲ್ಲಿ ಹಾಡಿನ ಪ್ರದರ್ಶನ ಕೊಟ್ಟರು. ಅದಕ್ಕೆ 'ಮೂರು ಹಳೇ ಮುದುಕಿಯರು' ಅನ್ನೋ ಥರದ ಹೆಸರಿತ್ತು. 2005ರ ಮಾರ್ಚ್ 8ರಂದು ಬರ್ಲಿನ್‌ನಲ್ಲೇ ತೀರಿಕೊಂಡರು, 94 ವರ್ಷ.

ಇನ್ನು ಆ ಎರಡನೇ ಮುಖ್ಯ ಪಾತ್ರ, 1975ರ 'ಮುಟರ್ ಕ್ಯುಸ್ಟರ್ಸ್ ಫಾರ್ಟ್ ತ್ಸುಮ್ ಹಿಮೆಲ್' ಸಿನಿಮಾದ ಕ್ಯುಸ್ಟರ್ಸ್ ಅಮ್ಮ. ಫ್ರಾಂಕ್‌ಫರ್ಟ್‌ನ ಅಡುಗೆಮನೆಯ ಮೇಜಿನ ಮುಂದೆ ಕೂತು ವಿದ್ಯುತ್ ಸಾಮಾನುಗಳ ಬಿಡಿಭಾಗ ಜೋಡಿಸುತ್ತಾಳೆ, ತುಂಡಿಗಿಷ್ಟು ಅಂತ ಕೂಲಿ. ಅದೇ ಹೊತ್ತಿಗೆ ಸುದ್ದಿ ಬರುತ್ತದೆ. ಕಾರ್ಖಾನೆಯಲ್ಲಿ ಗಂಡ ಒಬ್ಬ ಮೇಲಧಿಕಾರಿಯನ್ನು ಕೊಂದು ತಾನೂ ಸತ್ತಿದ್ದಾನೆ. ಅಲ್ಲಿಂದ ಅವಳ ದುಃಖ ಎಲ್ಲರ ಬಂಡವಾಳ. ಪತ್ರಕರ್ತ ಸುಳ್ಳು ಬರೆಯುತ್ತಾನೆ, ಮಗಳು ಆ ಹೆಸರಲ್ಲಿ ಹಾಡುಗಾರಿಕೆಗೆ ಪ್ರಚಾರ ಗಿಟ್ಟಿಸುತ್ತಾಳೆ, ಕಮ್ಯುನಿಸ್ಟರು ತಮ್ಮ ವೇದಿಕೆಗೆ ಹತ್ತಿಸುತ್ತಾರೆ, ಆಮೇಲೆ ಒಬ್ಬ ಅರಾಜಕತಾವಾದಿ ಪತ್ರಿಕಾ ಕಚೇರಿಯಲ್ಲಿ ಧರಣಿಗೆ ಕರೆದೊಯ್ಯುತ್ತಾನೆ. ಗಂಡನ ಬಗ್ಗೆ ಬರೆದ ಸುಳ್ಳನ್ನು ವಾಪಸ್ ತೆಗೆದುಕೊಳ್ಳಲಿ ಅನ್ನೋದಷ್ಟೇ ಅವಳ ಬೇಡಿಕೆ.

ಈ ಸಿನಿಮಾಕ್ಕೆ ಎರಡು ಕೊನೆಗಳಿವೆ. ಒಂದರಲ್ಲಿ ಧರಣಿ ಒತ್ತೆಯಾಳು ಪ್ರಕರಣವಾಗುತ್ತದೆ. ಆಮೇಲೆ ಏನಾಯಿತು ಅಂತ ತೆರೆಯ ಮೇಲೆ ಬರಹದಲ್ಲಿ ಬರುತ್ತದೆ, ಪೊಲೀಸರ ಗುಂಡಿಗೆ ಅವಳು ಸಾಯುತ್ತಾಳೆ. ಇನ್ನೊಂದು, ಅಮೆರಿಕಕ್ಕಾಗಿ ತೆಗೆದದ್ದು. ಅದರಲ್ಲಿ ಅವಳ ಧರಣಿಯನ್ನು ಯಾರೂ ಲೆಕ್ಕಕ್ಕೇ ಇಟ್ಟುಕೊಳ್ಳುವುದಿಲ್ಲ. ಕಚೇರಿಯವರೆಲ್ಲ ಮನೆಗೆ ಹೋಗುತ್ತಾರೆ, ಕರೆದುಕೊಂಡು ಬಂದವನೂ ಜಾಗ ಖಾಲಿ ಮಾಡುತ್ತಾನೆ. ಬಾಗಿಲು ಹಾಕಲು ಬಂದ ಕಾವಲುಗಾರ, ಅವನೂ ಒಂಟಿ, ಮನೆಯಲ್ಲಿ ಅಡುಗೆ ಮಾಡಿಟ್ಟಿದ್ದೇನೆ, ಬನ್ನಿ ಅಂತ ಊಟಕ್ಕೆ ಕರೆಯುತ್ತಾನೆ. ಆಲೂಗಡ್ಡೆಗೆ ಸೇಬು ಬೆರೆಸಿ ಮಾಡುವ ಅಲ್ಲಿನ ಮನೆ ಅಡುಗೆ.

ಮೊದಲನೆಯದೇ ಪ್ರಾಮಾಣಿಕ, ಎರಡನೆಯದು ಸಿಹಿ ಲೇಪ ಅಂತ ವಾದಿಸುವವರಿಗೆ ನನ್ನ ಉತ್ತರ ಇಷ್ಟೇ. ಮೊದಲ ಕೊನೆಯಲ್ಲಿ ಬರಹ ಇದೆ, ಬ್ರಿಗಿಟೆ ಮೀರಾ ಇಲ್ಲ. ಸಾಯುವ ಹೆಂಗಸನ್ನು ಅಕ್ಷರದಲ್ಲಿ ಓದಿ ಮುಗಿಸುತ್ತೇವೆ. ಎರಡನೆಯದರಲ್ಲಿ ಎಲ್ಲರೂ ಬಳಸಿ ಬಿಟ್ಟ ಮೇಲೂ ಉಳಿದುಕೊಂಡ ಹೆಂಗಸು, ಬಯಸಿ ಬಂದ ನ್ಯಾಯ ಸಿಗದೆ, ಬಯಸದೇ ಇದ್ದ ಊಟದ ಕರೆಗೆ ಏನು ಹೇಳಬೇಕು ಅಂತ ಯೋಚಿಸುವುದನ್ನು ನಾವು ನೋಡುತ್ತೇವೆ. ಬರೆದು ತೋರಿಸುವ ಸಾವಿಗೆ ಯಾವ ನಟಿಯೂ ಬೇಕಾಗಿಲ್ಲ. ಇದಕ್ಕೆ ಮೀರಾ ಬೇಕು. ಸಿನಿಮಾ ಸಿಕ್ಕರೆ ಎರಡೂ ಕೊನೆ ಇರುವ ಪ್ರತಿಯನ್ನೇ ಹುಡುಕಿ ನೋಡಿ, ಎರಡನೆಯದನ್ನು ಬಿಡಬೇಡಿ.